ಅಪೀಲು ಹಾಕಿದ್ದೀವಿ ಅಂತ ಸುಮ್ಮನಿದ್ದೀರಾ?

ಊರಿಂದ ಅಪ್ಪನ ಫೋನು. "ಕೇಸು ನಮ್ಮ ವಿರುದ್ಧ ಆಯ್ತು ಮಗಾ. ವಕೀಲರು ಅಪೀಲು ಹಾಕೋಣ ಅಂದ್ರು." ಬೆಂಗಳೂರಿನ ಆಫೀಸಿನಲ್ಲಿ ಮೀಟಿಂಗಿನಿಂದ ಹೊರಗೆ ಬಂದು ಫೋನ್ ಎತ್ತಿದ ಮಗನೋ ಮಗಳೋ ಸಾಮಾನ್ಯವಾಗಿ ಕೇಳೋದು ಎರಡೇ ಪ್ರಶ್ನೆ. ಎಷ್ಟು ದುಡ್ಡು ಬೇಕು? ಅಲ್ಲಾದ್ರೂ ಗೆಲ್ತೀವಾ? ಇವೆರಡಕ್ಕೂ ಮೊದಲು ಕೇಳಬೇಕಾದದ್ದು ಇನ್ನೊಂದಿದೆ: ತೀರ್ಪು ಬಂದದ್ದು ಯಾವ ತಾರೀಖು, ಸರ್ಟಿಫೈಡ್ ಕಾಪಿಗೆ ಅರ್ಜಿ ಹಾಕಿದ್ದು ಯಾವ ತಾರೀಖು?

ಸಿವಿಲ್ ಅಪೀಲು ಸೋಲೋದು ಅಂದ್ರೆ ನಮ್ಮ ಮನಸ್ಸಿಗೆ ಬರೋ ಚಿತ್ರ ಬೇರೆ. ಎರಡೂ ಕಡೆ ವಾದ ನಡೆದು, ಜಡ್ಜ್ ದಾಖಲೆ ಎಲ್ಲ ಓದಿ, ನಿಮ್ಮ ಮಾತು ಸರಿಯಿಲ್ಲ ಅಂತ ಹೇಳೋದು. ಆದರೆ ಎಷ್ಟೋ ಅಪೀಲುಗಳು ಆ ಹಂತಕ್ಕೇ ಹೋಗೋದಿಲ್ಲ. ತಡವಾಗಿ ಬಂತು, ಆಫೀಸ್ ಆಕ್ಷೇಪಣೆ ಸರಿಪಡಿಸಲಿಲ್ಲ, ನೋಟಿಸಿನ ಪ್ರೊಸೆಸ್ ಫೀ ಕಟ್ಟಲಿಲ್ಲ, ತೀರಿಕೊಂಡವರ ವಾರಸುದಾರರನ್ನು ಸೇರಿಸಲಿಲ್ಲ, ಕೂಗಿದಾಗ ಯಾರೂ ಹಾಜರಿರಲಿಲ್ಲ. ಇಷ್ಟರಲ್ಲಿ ಒಂದು ಸಾಕು. ಜಮೀನು ಯಾರದ್ದು ಅನ್ನೋ ಪ್ರಶ್ನೆಯನ್ನು ಮೇಲಿನ ಕೋರ್ಟು ಮುಟ್ಟೋದೇ ಇಲ್ಲ, ಕೆಳಗಿನ ಡಿಕ್ರಿ ಹಾಗೇ ನಿಲ್ಲುತ್ತೆ.

ಇದರಲ್ಲಿ ಹೋಗೋದು ಎಷ್ಟು ದೊಡ್ಡದು ಅಂತ ತಿಳಿಯಬೇಕಾದ್ರೆ ನಮ್ಮ ವ್ಯವಸ್ಥೆಯಲ್ಲಿ ಅಪೀಲಿನ ಮೆಟ್ಟಿಲುಗಳನ್ನು ನೋಡಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆ, 1908ರ ಸೆಕ್ಷನ್ 96ರ ಕೆಳಗೆ ಹೋಗೋದು ಮೊದಲನೇ ಅಪೀಲು. ಆಸ್ತಿಯ ಬೆಲೆ ನೋಡಿಕೊಂಡು ಅದು ಸೀನಿಯರ್ ಸಿವಿಲ್ ಜಡ್ಜ್ ಹತ್ತಿರ, ಜಿಲ್ಲಾ ಕೋರ್ಟಿಗೆ ಅಥವಾ ಹೈಕೋರ್ಟಿಗೆ ಹೋಗಬಹುದು. ಅಲ್ಲಿ ಸಾಕ್ಷಿ, ದಾಖಲೆ, ಸತ್ಯಾಂಶ ಎಲ್ಲವನ್ನೂ ಮತ್ತೆ ತೂಗಿ ನೋಡಲಾಗುತ್ತೆ. ಅದಾದಮೇಲೆ ಸೆಕ್ಷನ್ 100ರ ಎರಡನೇ ಅಪೀಲು ಇದೆ, ಆದರೆ ಅದು ಹೈಕೋರ್ಟಿನಲ್ಲಿ, ಗಣನೀಯವಾದ ಕಾನೂನಿನ ಪ್ರಶ್ನೆ ಇದ್ದರೆ ಮಾತ್ರ. "ಸಾಕ್ಷಿ ಸುಳ್ಳು ಹೇಳಿದ, ಸಹಿ ನಮ್ಮಜ್ಜನದಲ್ಲ" ಅನ್ನೋ ವಾದಕ್ಕೆ ಅಲ್ಲಿ ಹೆಚ್ಚುಕಡಿಮೆ ಬಾಗಿಲು ಮುಚ್ಚಿದ ಹಾಗೆಯೇ. ಅಂದ್ರೆ ಮೊದಲನೇ ಅಪೀಲನ್ನು ಒಂದು ತಾರೀಖಿನ ತಪ್ಪಿಗೆ ಕಳೆದುಕೊಂಡ ಕುಟುಂಬ, ತನ್ನ ಸತ್ಯಾಂಶಗಳನ್ನು ಇನ್ನೊಬ್ಬ ನ್ಯಾಯಾಧೀಶರು ನೋಡೋ ಒಂದೇ ಅವಕಾಶವನ್ನು ಕಳೆದುಕೊಳ್ಳುತ್ತೆ.

ದಿನದ ಲೆಕ್ಕ ಹೇಗೆ?

1963ರ ಕಾಲಮಿತಿ ಕಾಯ್ದೆ ಪ್ರಕಾರ ಹೈಕೋರ್ಟಿಗೆ ಹಾಕೋ ಅಪೀಲಿಗೆ 90 ದಿನ, ಬೇರೆ ಕೋರ್ಟಿಗಾದರೆ 30 ದಿನ. ಎಣಿಕೆ ಡಿಕ್ರಿಯ ತಾರೀಖಿನಿಂದ ಶುರು. ಡಿಕ್ರಿಯನ್ನು ಬರೆದು ಸಹಿ ಮಾಡೋದು ಎಷ್ಟೋ ದಿನ ಆದಮೇಲೆ ಆದರೂ ಅದರ ಮೇಲೆ ಇರೋದು ತೀರ್ಪು ಹೇಳಿದ ದಿನದ ತಾರೀಖೇ. "ನಮಗೆ ಪೇಪರ್ ಕೈಗೆ ಸಿಕ್ಕಿದ್ದು ಹೋದ ವಾರ, ಇನ್ನೂ ಟೈಮಿದೆ" ಅನ್ನೋರು ಇಲ್ಲೇ ಎಡವೋದು.

ಒಂದು ಉದಾಹರಣೆ ತಗೊಳ್ಳಿ. ತೀರ್ಪು ಮಾರ್ಚ್ 3ಕ್ಕೆ ಬಂತು. ಅಪೀಲು ಹೋಗಬೇಕಾದ್ದು ಜಿಲ್ಲಾ ಕೋರ್ಟಿಗೆ, 30 ದಿನ. ತೀರ್ಪಿನ ದಿನವನ್ನು ಬಿಟ್ಟು ಎಣಿಸಿದರೆ ಏಪ್ರಿಲ್ 2 ಕೊನೇ ದಿನ. ನೀವು ಕಾಪಿಗೆ ಅರ್ಜಿ ಹಾಕಿದ್ದು ಮಾರ್ಚ್ 17ಕ್ಕೆ, ಕಾಪಿ ಸಿದ್ಧ ಆಗಿದ್ದು 27ಕ್ಕೆ. ಎರಡೂ ದಿನ ಸೇರಿ 11 ದಿನ. ಕಾಪಿ ತಯಾರಾಗೋಕೆ ಹಿಡಿದ ಈ ಸಮಯವನ್ನು ಕಾಯ್ದೆಯ ಸೆಕ್ಷನ್ 12 ಲೆಕ್ಕದಿಂದ ಬಿಡುತ್ತೆ. ಹಾಗಾಗಿ ನಿಮಗೆ ಏಪ್ರಿಲ್ 13ರವರೆಗೆ ಸಮಯ ಇದೆ. ಆದರೆ 27ಕ್ಕೇ ರೆಡಿಯಾದ ಕಾಪಿಯನ್ನು ನೀವು ಏಪ್ರಿಲ್ 10ಕ್ಕೆ ಹೋಗಿ ತಂದರೆ ಆ ನಡುವಿನ ದಿನಗಳು ನಿಮ್ಮ ಖಾತೆಗೇ. ಕಾಪಿಗೆ ಕಟ್ಟಬೇಕಾದ ದುಡ್ಡನ್ನು ತಡ ಮಾಡಿ ಕಟ್ಟಿದರೂ ಹಾಗೇ. ಇನ್ನು ಏಪ್ರಿಲ್ 2 ದಾಟಿದ ಮೇಲೆ ಕಾಪಿಗೆ ಅರ್ಜಿ ಹಾಕಿದ್ರೆ ಈ ರಿಯಾಯಿತಿ ಕೆಲಸಕ್ಕೇ ಬರೋದಿಲ್ಲ, ಯಾಕಂದ್ರೆ ಗಡುವು ಆಗಲೇ ಮುಗಿದಿದೆ.

ಕಾಪಿಯ ಮೇಲೆ ಅರ್ಜಿ ಹಾಕಿದ ದಿನ, ಸಿದ್ಧವಾದ ದಿನ, ಕೊಟ್ಟ ದಿನ ಎಲ್ಲ ಮುದ್ರೆ ಹೊಡೆದು ಬರೆದಿರ್ತಾರೆ. ಯಾರೂ ನೋಡದ ಪುಟ ಅದು. ಫೋಟೋ ತೆಗೆದು ವಾಟ್ಸಾಪಿನಲ್ಲಿ ಕಳಿಸೋಕೆ ಅಪ್ಪನಿಗೆ ಹೇಳಿ, ಐದು ನಿಮಿಷದಲ್ಲಿ ನೀವೇ ಲೆಕ್ಕ ಹಾಕಬಹುದು. ಕೊನೇ ದಿನ ಕೋರ್ಟಿಗೆ ರಜೆ ಇದ್ದರೆ ತೆರೆಯೋ ದಿನ ಹಾಕಬಹುದು, ಅದಕ್ಕೆ ಸೆಕ್ಷನ್ 4 ಇದೆ. ಕೋವಿಡ್ ಕಾಲದಲ್ಲಿ ಸುಪ್ರೀಂ ಕೋರ್ಟು 2020ರ ಮಾರ್ಚ್ 15ರಿಂದ 2022ರ ಫೆಬ್ರವರಿ 28ರವರೆಗಿನ ಅವಧಿಯನ್ನು ಎಲ್ಲರಿಗೂ ಲೆಕ್ಕದಿಂದ ಬಿಟ್ಟಿತ್ತು. ಆಗಿನ ತೀರ್ಪಿನ ಮೇಲೆ ಈಗ ಯಾರಾದ್ರೂ "ಕೋವಿಡ್ ರಿಯಾಯಿತಿ ಇದೆ" ಅಂದ್ರೆ ನಂಬಬೇಡಿ, ಅದು ಮುಗಿದು ಬಹಳ ದಿನ ಆಯ್ತು.

ಎದುರುಪಕ್ಷದವರು "ತಡವಾಗಿದೆ" ಅಂತ ಆಕ್ಷೇಪ ಎತ್ತದಿದ್ರೆ ಪಾರಾಗಬಹುದಾ? ಆಗಲ್ಲ. ಯಾರೂ ಕೇಳದಿದ್ದರೂ ಕಾಲಮಿತಿ ದಾಟಿದ ಅಪೀಲನ್ನು ಕೋರ್ಟು ತಾನಾಗೇ ವಜಾ ಮಾಡಬೇಕು ಅಂತ ಸೆಕ್ಷನ್ 3 ಹೇಳುತ್ತೆ.

ತಡವಾದ್ರೆ ಮುಗೀತಾ?

ಮುಗಿಯಲ್ಲ. ಸಾಕಷ್ಟು ಕಾರಣ ತೋರಿಸಿದರೆ ವಿಳಂಬ ಮನ್ನಾ ಮಾಡೋ ಅಧಿಕಾರ ಸೆಕ್ಷನ್ 5ರಲ್ಲಿದೆ. ಅಪೀಲಿನ ಜೊತೆಗೇ ಆ ಅರ್ಜಿ, ಪ್ರಮಾಣಪತ್ರ ಸೇರಿಸಿ ಹಾಕಬೇಕು. ಇಲ್ಲಿ ಸುಪ್ರೀಂ ಕೋರ್ಟಿನ ಧಾಟಿ ವರ್ಷಗಳು ಕಳೆದ ಹಾಗೆ ಹೇಗೆ ಬದಲಾಗಿದೆ ಅನ್ನೋದನ್ನು ಓದುಗರು ಗಮನಿಸಬೇಕು.

1987ರಲ್ಲಿ ಕಾಶ್ಮೀರದ ಅನಂತನಾಗ್‌ನ ಭೂಸ್ವಾಧೀನ ಪ್ರಕರಣ ಒಂದು ಬಂತು. ಅಪೀಲು ತಡವಾಗಿದ್ದದ್ದು ನಾಲ್ಕೇ ದಿನ. ತಾಂತ್ರಿಕ ಕಾರಣಕ್ಕೆ ನ್ಯಾಯವನ್ನು ಬಲಿ ಕೊಡಬೇಡಿ, ಉದಾರವಾಗಿ ನೋಡಿ ಅಂತ ಕೋರ್ಟು ಹೇಳಿತು. ಇವತ್ತಿಗೂ ವಿಳಂಬ ಮನ್ನಾ ಅರ್ಜಿಯ ವಾದದಲ್ಲಿ ವಕೀಲರು ಮೊದಲು ತೆಗೆಯೋದು ಆ ತೀರ್ಪನ್ನೇ. 1998ರಲ್ಲಿ 883 ದಿನದ ವಿಳಂಬವನ್ನೂ ಸುಪ್ರೀಂ ಕೋರ್ಟು ಮನ್ನಿಸಿತು. ಎಷ್ಟು ದಿನ ಅನ್ನೋದಕ್ಕಿಂತ ಕೊಟ್ಟ ವಿವರಣೆ ನಂಬೋ ಹಾಗಿದೆಯಾ ಅನ್ನೋದು ಮುಖ್ಯ ಅಂತ ಅದರ ತಿರುಳು.

ಆಮೇಲೆ ಗಾಳಿ ತಿರುಗಿತು. 2012ರಲ್ಲಿ ಅಂಚೆ ಇಲಾಖೆಯ 427 ದಿನದ ವಿಳಂಬವನ್ನು ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಫೈಲು ಟೇಬಲ್ಲಿಂದ ಟೇಬಲ್ಲಿಗೆ ಹೋಗ್ತಿತ್ತು ಅನ್ನೋದು ಇನ್ನು ಮುಂದೆ ಕಾರಣವಲ್ಲ ಅನ್ನೋ ಸಂದೇಶ ಅಲ್ಲಿಂದ ಬಂತು. 2024ರಲ್ಲಿ ಭೂಸ್ವಾಧೀನ ಪರಿಹಾರದ ಒಂದು ಪ್ರಕರಣದಲ್ಲಿ, ವಾರಸುದಾರರು 5659 ದಿನ ತಡವಾಗಿ ತಂದ ಅಪೀಲಿಗೆ ಬಾಗಿಲು ತೆರೆಯಲಿಲ್ಲ. ನಮ್ಮ ರಾಜ್ಯದ್ದೇ ಒಂದು ಕೇಸಿದೆ. ಕರ್ನಾಟಕ ಗೃಹ ಮಂಡಳಿ ಎರಡನೇ ಅಪೀಲನ್ನು 3966 ದಿನ ತಡವಾಗಿ, ಅಂದ್ರೆ ಹತ್ತಿರ ಹತ್ತಿರ 11 ವರ್ಷ ತಡವಾಗಿ ಹಾಕಿತ್ತು. ಹೈಕೋರ್ಟು ಮನ್ನಾ ಮಾಡಿತ್ತು. 2025ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಆ ಆದೇಶವನ್ನೇ ರದ್ದು ಮಾಡಿತು. ಸರ್ಕಾರಿ ಸಂಸ್ಥೆಯ ಆಲಸ್ಯಕ್ಕೆ ಕೋರ್ಟುಗಳು ಮುದ್ರೆ ಒತ್ತಬಾರದು ಅನ್ನೋ ಮಾತು ಅದರಲ್ಲಿದೆ. ಅಷ್ಟು ವರ್ಷ ಎದುರಿಗೆ ಕಾದು ಕೂತಿದ್ದ ಕುಟುಂಬದ ಕಡೆಯಿಂದ ನೋಡಿದರೆ ಇದು ಸರಿಯಾದ ತೀರ್ಪು ಅಂತಲೇ ನನ್ನ ಅಭಿಪ್ರಾಯ.

ಇದರಿಂದ ನಮಗೇನು? ನಾಲ್ಕು ದಿನ, ಹದಿನೈದು ದಿನದ ವಿಳಂಬಕ್ಕೆ ಈಗಲೂ ಕೋರ್ಟುಗಳು ಅಷ್ಟು ಕಟುವಾಗಿಲ್ಲ. ಆದರೆ "ಕೌಟುಂಬಿಕ ತೊಂದರೆ ಇತ್ತು, ಅನಾರೋಗ್ಯ ಇತ್ತು" ಅಂತ ಒಂದು ಸಾಲು ಬರೆದು ಎರಡು ವರ್ಷದ ವಿಳಂಬ ಮನ್ನಾ ಆಗುತ್ತೆ ಅಂದುಕೊಳ್ಳೋ ಕಾಲ ಇದಲ್ಲ. ಅಮ್ಮನಿಗೆ ಆಪರೇಷನ್ ಆಗಿದ್ರೆ ಯಾವ ದಿನ ಅಡ್ಮಿಟ್, ಯಾವ ದಿನ ಡಿಸ್ಚಾರ್ಜ್, ಆಮೇಲೆ ವಕೀಲರನ್ನು ಕಂಡದ್ದು ಯಾವಾಗ ಅನ್ನೋದು ಚೀಟಿ ಸಮೇತ ಬೇಕು. ಪ್ರಮಾಣಪತ್ರಕ್ಕೆ ಸಹಿ ಹಾಕೋರು ನಿಮ್ಮ ಮನೆಯವರು, ವಕೀಲರಲ್ಲ. ಓದದೇ ಸಹಿ ಹಾಕಿದ್ರೆ ನಾಳೆ ಆ ಸುಳ್ಳಿಗೂ ಅವರೇ ಉತ್ತರ ಕೊಡಬೇಕು.

ವಿಳಂಬದ ಇನ್ನೊಂದು ಏಟು ಬಹಳ ಜನಕ್ಕೆ ಗೊತ್ತಿರೋದಿಲ್ಲ. ಅಪೀಲು ಹಾಕಿದ ಮಾತ್ರಕ್ಕೆ ಕೆಳಗಿನ ಡಿಕ್ರಿಗೆ ತಡೆ ಸಿಗೋದಿಲ್ಲ, ಸಂಹಿತೆಯ 41ನೇ ಆದೇಶದ 5ನೇ ನಿಯಮ ಇದನ್ನು ಸ್ಪಷ್ಟವಾಗಿ ಹೇಳುತ್ತೆ. ತಡೆಯಾಜ್ಞೆಗೆ ಬೇರೆ ಅರ್ಜಿ ಹಾಕಬೇಕು, ಕಾರಣ ತೋರಿಸಬೇಕು, ಕೋರ್ಟು ಡೆಪಾಸಿಟ್ ಅಥವಾ ಜಾಮೀನು ಕೇಳಬಹುದು. ಅಪೀಲೇ ತಡವಾಗಿದ್ದರೆ ಇನ್ನೂ ಕಷ್ಟ. ವಿಳಂಬದ ವಿಷಯ ಮುಗಿದು, ಅಪೀಲನ್ನು ಕೇಳೋದು ಅಂತ ಕೋರ್ಟು ತೀರ್ಮಾನ ಮಾಡೋವರೆಗೂ ತಡೆಯಾಜ್ಞೆ ಕೊಡೋ ಹಾಗಿಲ್ಲ ಅಂತ ಅದೇ ಆದೇಶದ 3ಎ ನಿಯಮ ಹೇಳುತ್ತೆ. ವಿಳಂಬದ ಅರ್ಜಿಗೆ ಎದುರುದಾರರಿಗೆ ನೋಟಿಸ್ ಹೋಗಿ, ಅವರು ಬಂದು, ಆಕ್ಷೇಪಣೆ ಹಾಕಿ, ವಾದ ಆಗಬೇಕು. ಆ ತಿಂಗಳುಗಳಲ್ಲಿ ಗೆದ್ದವರು ಅಮಲ್ಜಾರಿ ಅರ್ಜಿ ಹಾಕಿ ಅಮೀನರನ್ನು ಕರೆದುಕೊಂಡು ಮನೆ ಮುಂದೆ ಬಂದು ನಿಂತರೆ "ಅಪೀಲಿನಲ್ಲಿದೆ ಸ್ವಾಮಿ" ಅನ್ನೋ ಮಾತಿಗೆ ಬೆಲೆಯಿಲ್ಲ. ಮುಂದೆ ಅಪೀಲು ಗೆದ್ದರೆ ಸೆಕ್ಷನ್ 144ರಲ್ಲಿ ಸ್ವಾಧೀನ ವಾಪಸ್ ಕೇಳಬಹುದು, ನಿಜ. ಅಷ್ಟು ಹೊತ್ತಿಗೆ ತೋಟದಲ್ಲಿ ಏನು ಉಳಿದಿರುತ್ತೆ ಅನ್ನೋದು ಬೇರೆ ವಿಷಯ.

ಹಾಕಿದ ಮೇಲೆ

ಅಪೀಲು ಫೈಲಾಗಿ ನಂಬರು ಬಿದ್ದ ಮೇಲೆ ಮನೆಯವರು ಮರೆತುಬಿಡ್ತಾರೆ. ನಂಬರು ಬೀಳೋಕೆ ಮೊದಲೇ ಒಂದು ಜರಡಿ ಇದೆ. ಕೋರ್ಟ್ ಫೀ ಕಡಿಮೆ ಇದೆ, ಇಂಥ ಪುಟ ಓದೋಕಾಗ್ತಿಲ್ಲ, ಇಂಥವರ ವಕಾಲತ್ತಿಗೆ ಸಹಿ ಇಲ್ಲ ಅಂತ ಕಚೇರಿ ಆಕ್ಷೇಪಣೆ ಹಾಕುತ್ತೆ. ವಕೀಲರ ಭಾಷೆಯಲ್ಲಿ "ಆಫೀಸ್ ಆಬ್ಜೆಕ್ಷನ್". ಸಣ್ಣ ವಿಷಯಗಳೇ, ಸರಿಪಡಿಸೋಕೆ ಸಮಯವೂ ಕೊಡ್ತಾರೆ. ಒಂದು, ಎರಡು ಸಲ ಆದಮೇಲೂ ಆಗದಿದ್ರೆ "ಇಷ್ಟು ವಾರದಲ್ಲಿ ಸರಿಪಡಿಸದಿದ್ದರೆ ಅಪೀಲು ತಾನಾಗೇ ವಜಾ" ಅನ್ನೋ ಷರತ್ತಿನ ಆದೇಶ ಬರುತ್ತೆ. ಆ ವಾರ ಕಳೆದರೆ ಮುಗೀತು, ಮತ್ತೆ ಯಾರೂ ಕೂಗೋದಿಲ್ಲ. ಕೋರ್ಟ್ ಫೀ ಕಡಿಮೆ ಕಟ್ಟಿದ್ದನ್ನು ತುಂಬೋಕೆ ಸೆಕ್ಷನ್ 149ರಲ್ಲಿ ಅವಕಾಶ ಇದೆ, ಕೋರ್ಟು ಒಪ್ಪಬೇಕಷ್ಟೆ.

ವಿಚಾರಣೆಗೆ ಕೂಗಿದ ದಿನ ಯಾರೂ ಇಲ್ಲದಿದ್ರೆ ಗೈರುಹಾಜರಿಗೆ ವಜಾ. ಇಲ್ಲಿ ಒಂದು ರಕ್ಷಣೆ ಇದೆ. ನೀವಿಲ್ಲದಾಗ ಕೋರ್ಟು ಅಪೀಲನ್ನು ಗೈರುಹಾಜರಿಗೆ ಅಂತ ವಜಾ ಮಾಡಬಹುದೇ ಹೊರತು, ಅಪೀಲಿನಲ್ಲಿ ಹುರುಳಿಲ್ಲ ಅಂತ ತೀರ್ಮಾನ ಬರೆಯೋ ಹಾಗಿಲ್ಲ. 30 ದಿನದೊಳಗೆ ಕಾರಣ ತೋರಿಸಿ ಅರ್ಜಿ ಹಾಕಿದರೆ ಮತ್ತೆ ಕಡತಕ್ಕೆ ಬರಬಹುದು. ಆದರೆ ವಜಾ ಆಗಿದೆ ಅನ್ನೋದೇ ಗೊತ್ತಿಲ್ಲದಿದ್ರೆ?

"ನಮ್ಮ ಲಾಯರ್ ಹೇಳಲೇ ಇಲ್ಲ" ಅನ್ನೋದು ಎಲ್ಲರ ಬಾಯಲ್ಲೂ ಬರೋ ಮಾತು. 1981ರಲ್ಲಿ ಸುಪ್ರೀಂ ಕೋರ್ಟು ವಕೀಲರ ಗೈರುಹಾಜರಿಯಿಂದ ಅಪೀಲು ಕಳೆದುಕೊಂಡ ಹಳ್ಳಿಯ ಕಕ್ಷಿದಾರರ ಪರ ನಿಂತಿತು. ವಕೀಲರನ್ನು ನೇಮಿಸಿ ಫೀಸು ಕೊಟ್ಟು ಊರಿಗೆ ಹೋದ ಮನುಷ್ಯ ಅವರ ತಪ್ಪಿಗೆ ಯಾಕೆ ನರಳಬೇಕು ಅನ್ನೋದು ಆ ತೀರ್ಪಿನ ಧಾಟಿ. 1993ರ ಹೊತ್ತಿಗೆ ಅದೇ ಕೋರ್ಟು, ಇದು ಎಲ್ಲರಿಗೂ ಸಿಗೋ ವಿನಾಯಿತಿಯಲ್ಲ, ತಿಳಿದವರು, ನಗರದಲ್ಲಿ ಕೂತವರು ಎಲ್ಲ ಹೊಣೆಯನ್ನೂ ವಕೀಲರ ಮೇಲೆ ಹಾಕಿ ಪಾರಾಗೋಕಾಗಲ್ಲ ಅಂತ ಹೇಳಿತು. ಫೋನಿನಲ್ಲಿ ಕೇಸಿನ ಸ್ಥಿತಿ ನೋಡಬಲ್ಲ ನಿಮ್ಮಂಥವರು ಯಾವ ಗುಂಪಿಗೆ ಸೇರ್ತೀರಿ ಅಂತ ನೀವೇ ಯೋಚಿಸಿ. ಮೇಲೆ ಹೇಳಿದ 883 ದಿನದ ಕೇಸಿನ ಕಕ್ಷಿದಾರರು ತಮ್ಮ ವಕೀಲರ ವಿರುದ್ಧ ಗ್ರಾಹಕರ ವೇದಿಕೆಗೂ ಹೋಗಿ ಪರಿಹಾರದ ಆದೇಶ ತಂದಿದ್ದರು. ಈಗ ಆ ದಾರಿ ಇಲ್ಲ. ವಕೀಲರ ಸೇವೆ ಗ್ರಾಹಕ ರಕ್ಷಣಾ ಕಾಯ್ದೆಯೊಳಗೆ ಬರೋದಿಲ್ಲ ಅಂತ 2024ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದೆ. ಉಳಿದಿರೋದು ವಕೀಲರ ಪರಿಷತ್ತಿಗೆ ದೂರು, ಇಲ್ಲಾ ಸಿವಿಲ್ ಕೋರ್ಟಿನಲ್ಲಿ ನಷ್ಟ ಪರಿಹಾರದ ದಾವೆ.

ಸಾವು ಕೂಡ ಒಂದು ಗಡುವು

ನನ್ನ ಮಟ್ಟಿಗೆ ಇರೋದರಲ್ಲೆಲ್ಲ ಕ್ರೂರವಾದ ನಿಯಮ ಇದು. ಅಪೀಲು ನಡೆಯುವಾಗ ಒಬ್ಬ ಕಕ್ಷಿದಾರರು ತೀರಿಕೊಂಡರೆ 90 ದಿನದೊಳಗೆ ಅವರ ವಾರಸುದಾರರನ್ನು ದಾಖಲೆಗೆ ತರಬೇಕು. ತರದಿದ್ರೆ ಯಾವ ಆದೇಶವೂ ಬೇಕಿಲ್ಲ, ಅವರ ಮಟ್ಟಿಗೆ ಅಪೀಲು ತಾನಾಗೇ ಬಿದ್ದುಹೋಗುತ್ತೆ. ಕೋರ್ಟಿನವರು ಇದಕ್ಕೆ "ಅಬೇಟ್" ಅಂತಾರೆ. ಅದನ್ನು ರದ್ದು ಮಾಡಿಸೋಕೆ ಇನ್ನೊಂದು 60 ದಿನ. ಅದೂ ದಾಟಿದರೆ ವಿಳಂಬ ಮನ್ನಾ ಅರ್ಜಿಯೂ ಜೊತೆಗೆ.

ಪಾಲು ದಾವೆಗಳಲ್ಲಿ ಇದು ಹೇಗೆ ಆಗುತ್ತೆ ನೋಡಿ. ಎದುರುದಾರರ ಪಟ್ಟಿಯಲ್ಲಿ ಎಂಟು ಜನ. ಅದರಲ್ಲಿ ಐದನೆಯವರು ದೊಡ್ಡಪ್ಪ, ಎಪ್ಪತ್ತೆಂಟು ವರ್ಷ. ತೀರಿಕೊಂಡರು. ನೀವು ತಿಥಿಗೆ ಹೋಗಿ ಬಂದಿರಿ, ಕೇಸಿನಲ್ಲಿ ಅವರ ಹೆಸರಿತ್ತು ಅನ್ನೋದು ಯಾರ ತಲೆಗೂ ಹೊಳೆಯಲಿಲ್ಲ. ಒಬ್ಬ ಮಗ ಅಮೆರಿಕದಲ್ಲಿ, ವಿಳಾಸ ಯಾರ ಹತ್ತಿರವೂ ಇಲ್ಲ. ಮೂರು ವರ್ಷ ಆದಮೇಲೆ ಫೈನಲ್ ಹಿಯರಿಂಗ್ ದಿನ ಎದುರು ವಕೀಲರು ಎದ್ದು ನಿಂತು ಮರಣ ಪ್ರಮಾಣಪತ್ರ ಕೊಟ್ಟರೆ? ಎಲ್ಲರ ಹಕ್ಕೂ ಒಂದಕ್ಕೊಂದು ಹೆಣೆದುಕೊಂಡಿರೋ ಡಿಕ್ರಿಯಾದರೆ ಇಡೀ ಅಪೀಲೇ ಹೋಗಬಹುದು. ಅರವತ್ತರ ದಶಕದಲ್ಲಿ ಪಂಜಾಬ್ ಸರ್ಕಾರಕ್ಕೇ ಹೀಗಾಯ್ತು. ಇಬ್ಬರು ಅಣ್ಣತಮ್ಮಂದಿರಿಗೆ ಜಂಟಿಯಾಗಿ ಸಿಕ್ಕ ಭೂಮಿ ಪರಿಹಾರದ ವಿರುದ್ಧ ಸರ್ಕಾರ ಅಪೀಲು ಹೋಗಿತ್ತು. ನಡುವೆ ಒಬ್ಬರು ತೀರಿಕೊಂಡರು, ವಾರಸುದಾರರನ್ನು ಸೇರಿಸಲಿಲ್ಲ. ಸತ್ತವರ ಮಟ್ಟಿಗೆ ಪರಿಹಾರ ಅಂತಿಮವಾಗಿದೆ, ಬದುಕಿರೋರ ಮಟ್ಟಿಗೆ ಬೇರೆ ಹೇಳಿದರೆ ಒಂದೇ ವಿಷಯಕ್ಕೆ ಎರಡು ವಿರುದ್ಧ ಡಿಕ್ರಿ ಆಗುತ್ತೆ ಅಂತ ಪೂರ್ತಿ ಅಪೀಲೇ ಬಿತ್ತು. ಪಾಲುಗಳು ಬೇರೆ ಬೇರೆಯಾಗಿ ಗುರುತಿಸೋ ಹಾಗಿದ್ದರೆ ಇಷ್ಟು ಕಠಿಣವಾಗಿ ಹೋಗಬೇಕಿಲ್ಲ ಅಂತ ಐವರು ನ್ಯಾಯಮೂರ್ತಿಗಳ ಪೀಠ 2003ರಲ್ಲಿ ಹೇಳಿದ್ದು ಸ್ವಲ್ಪ ಸಮಾಧಾನ.

ವಾರಸುದಾರರ ವಿಷಯದಲ್ಲಿ ಕೋರ್ಟುಗಳು ಬೇರೆ ವಿಳಂಬಕ್ಕಿಂತ ಮೆದುವಾಗಿ ನಡೆದುಕೊಳ್ಳೋದುಂಟು, ಯಾಕಂದ್ರೆ ಅಪೀಲು ವರ್ಷಗಟ್ಟಲೆ ಶೆಲ್ಫಿನಲ್ಲಿ ಮಲಗಿರುತ್ತೆ, ಎದುರುಪಕ್ಷದವರು ಬದುಕಿದ್ದಾರಾ ಅಂತ ದಿನಾ ವಿಚಾರಿಸೋಕಾಗಲ್ಲ. ಆದರೆ ಅದಕ್ಕೂ ಮಿತಿ ಇದೆ. ಕರ್ನಾಟಕದ ಒಂದು ಆಸ್ತಿ ದಾವೆ ಹೀಗೇ ಅಬೇಟ್ ಆಗಿತ್ತು. ಸುಮಾರು ಆರು ವರ್ಷ ಬಿಟ್ಟು ಅದನ್ನು ತೆರವು ಮಾಡಿ ಅಂತ ಬಂದವರಿಗೆ ಹೈಕೋರ್ಟು ಅವಕಾಶ ಕೊಟ್ಟಿತ್ತು, 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ. ಹಾಗಾಗಿ ಮನೆಯಲ್ಲಿ ಅಥವಾ ಎದುರುದಾರರ ಕಡೆ ಯಾರಾದ್ರೂ ತೀರಿಕೊಂಡ ಸುದ್ದಿ ಬಂದರೆ ದುಃಖದ ನಡುವೆಯೂ ವಕೀಲರಿಗೆ ಒಂದು ಮೆಸೇಜ್ ಹಾಕಿ.

ಒಂದು ಅಪೀಲು ಬಿದ್ದದ್ದು ಇನ್ನೊಂದನ್ನೂ ಬೀಳಿಸಬಹುದು. ಉತ್ತರ ಪ್ರದೇಶದ ಒಂದು ಕುಟುಂಬದ ಜಗಳ ಇದಕ್ಕೆ ಸಾಕ್ಷಿ. ನಾಲ್ಕು ದಾವೆ, ಒಟ್ಟಿಗೇ ವಿಚಾರಣೆ, ನಾಲ್ಕು ಅಪೀಲು, ಎಲ್ಲ ಕೊನೆಗೆ ಅಲಹಾಬಾದ್ ಹೈಕೋರ್ಟಿನಲ್ಲಿ ಸೇರಿದವು. ಒಂದು ತಡವಾಗಿದೆ ಅಂತ ವಜಾ ಆಯ್ತು. ಇನ್ನೊಂದು ದಾಖಲೆಯ ಭಾಷಾಂತರ, ಮುದ್ರಣಕ್ಕೆ ಅರ್ಜಿ ಹಾಕಲಿಲ್ಲ ಅಂತ ವಜಾ. ಉಳಿದೆರಡು ನಿಯಮದ ಪ್ರಕಾರ ಸರಿಯಾಗೇ ಇದ್ದವು. ಆದರೆ ಬಿದ್ದುಹೋದ ಎರಡರ ಡಿಕ್ರಿಗಳು ಅಂತಿಮವಾಗಿವೆ, ಅದೇ ಪ್ರಶ್ನೆಯನ್ನು ಮತ್ತೆ ಕೇಳೋ ಹಾಗಿಲ್ಲ ಅಂತ ಅವೂ ಹೋದವು. 1966ರಲ್ಲಿ ಸುಪ್ರೀಂ ಕೋರ್ಟು ಇದನ್ನು ಎತ್ತಿಹಿಡಿಯಿತು. ಒಂದೇ ತೀರ್ಪಿನಿಂದ ಎರಡು ದಾವೆ ತೀರ್ಮಾನ ಆಗಿದ್ದರೆ "ಒಂದಕ್ಕೆ ಅಪೀಲು ಹಾಕೋಣ, ಕೋರ್ಟ್ ಫೀ ಉಳಿಯುತ್ತೆ" ಅನ್ನೋ ಲೆಕ್ಕಾಚಾರ ಮಾಡೋ ಮುಂಚೆ ಈ ಕೇಸನ್ನು ನೆನಪಿಸಿಕೊಳ್ಳಿ.

ಫೋನಿನಲ್ಲೇ ಮಾಡಬಹುದಾದದ್ದು

ಪ್ರತಿ ಕೇಸಿಗೂ 16 ಅಕ್ಷರ-ಅಂಕಿಗಳ ಸಿಎನ್‌ಆರ್ ನಂಬರು ಇರುತ್ತೆ. ಇ-ಕೋರ್ಟ್ಸ್ ಸರ್ವೀಸಸ್ ಆ್ಯಪಿನಲ್ಲಿ ಅದನ್ನು ಹಾಕಿದರೆ ಮುಂದಿನ ತಾರೀಖು, ಹಿಂದಿನ ದಿನ ಏನಾಯ್ತು ಎಲ್ಲ ಕಾಣುತ್ತೆ. ಅಪ್ಪನ ವಕೀಲರಿಂದ ಆ ನಂಬರು ಇವತ್ತೇ ತಗೊಂಡು ಸೇವ್ ಮಾಡಿಕೊಳ್ಳಿ. ಆ್ಯಪಿನಲ್ಲಿ ಕಾಣೋ ತಾರೀಖು ಒಂದೊಂದು ಸಲ ತಡವಾಗಿ ಅಪ್‌ಡೇಟ್ ಆಗೋದುಂಟು, ಅದನ್ನೇ ಪೂರ್ತಿ ನಂಬಿಕೊಂಡು ವಕೀಲರಿಗೆ ಫೋನ್ ಮಾಡೋದನ್ನು ಬಿಡಬೇಡಿ. ಫೀಸಿನ ತೊಂದರೆ ಇದ್ದರೆ ಕಾನೂನು ಸೇವಾ ಪ್ರಾಧಿಕಾರ ಅಪೀಲಿಗೂ ಉಚಿತವಾಗಿ ವಕೀಲರನ್ನು ಕೊಡುತ್ತೆ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯದ ಮಿತಿಯೇ ಇಲ್ಲ. ಸಹಾಯವಾಣಿ 15100. ದುಡ್ಡು ಹೊಂದಿಸೋಕೆ ಹೋಗಿ 30 ದಿನ ಕಳೆದುಕೊಳ್ಳೋ ಕುಟುಂಬಗಳಿಗೆ ಈ ನಂಬರು ಗೊತ್ತಿರೋದು ಒಳ್ಳೆಯದು.

ಇಷ್ಟು ಹೊತ್ತು ಸೋತವರ ಮಾತಾಯ್ತು. ಕೆಳಗಿನ ಕೋರ್ಟಿನಲ್ಲಿ ಗೆದ್ದು ಮನೆಗೆ ಬಂದವರೂ ಮೈಮರೆಯೋ ಹಾಗಿಲ್ಲ. ಎದುರುಪಕ್ಷದವರು ಅಪೀಲಿಗೆ ಹೋಗೋದು ಖಚಿತ ಅನ್ನಿಸಿದರೆ ಸೆಕ್ಷನ್ 148ಎ ಕೆಳಗೆ ಕೇವಿಯಟ್ ಹಾಕಿ. ಆಗ ನಿಮಗೆ ತಿಳಿಸದೇ ತಡೆಯಾಜ್ಞೆ ಕೊಡೋಕಾಗಲ್ಲ. ಅದರ ಆಯಸ್ಸು 90 ದಿನ, ಬೇಕಾದರೆ ಮತ್ತೆ ಹಾಕಬೇಕು. ಡಿಕ್ರಿ ಒಂದು ಭಾಗ ನಿಮ್ಮ ಪರ, ಒಂದು ಭಾಗ ವಿರುದ್ಧ ಆಗಿದ್ದರೆ, ಅವರ ಅಪೀಲಿನ ನೋಟಿಸ್ ಬಂದ ಒಂದು ತಿಂಗಳೊಳಗೆ ನೀವು ಪ್ರತಿ-ಆಕ್ಷೇಪಣೆ ಹಾಕಬಹುದು. ನೋಟಿಸನ್ನು ಫ್ರಿಜ್ ಮೇಲಿಟ್ಟು ಮರೆತರೆ ಅಪೀಲು ನಿಮ್ಮ ಗೈರುಹಾಜರಿಯಲ್ಲೇ ಅವರ ಪರ ತೀರ್ಮಾನ ಆಗಬಹುದು. ಆಗ ಮರುವಿಚಾರಣೆ ಕೇಳೋಕೆ ನಿಮಗೂ ಇರೋದು 30 ದಿನವೇ.